ಎರಡು ಮಹಡಿಯ ರೈಲು ಬೋಗಿ ಯಾಕೆ ಬೇಗ ಹಿಂದೆ ಸರಿಯಿತು?

[ದೃಶ್ಯ: ಕೆಎಸ್‌ಆರ್ ಬೆಂಗಳೂರು ನಿಲ್ದಾಣ. ಕಿಟಕಿಯಾಚೆ ಬರೀ ಕಾಲುಗಳು.]

ನಮಸ್ಕಾರ. ಚಪ್ಪಲಿ, ಶೂ, ಟ್ರಾಲಿ ಬ್ಯಾಗಿನ ಚಕ್ರ. ಕ್ಯಾಮೆರಾ ನೆಲದ ಮೇಲೆ ಇಟ್ಟಿಲ್ಲ. ಚೆನ್ನೈ–ಬೆಂಗಳೂರು ಡಬಲ್ ಡೆಕರ್‌ನ ಕೆಳಮಹಡಿಯ ಸೀಟಿನಲ್ಲಿ ಕೂತು ತೆಗೆದ ಶಾಟ್ ಇದು. ಈ ಬೋಗಿಯ ಪೂರ್ತಿ ಕಥೆ ಈ ಕಿಟಕಿಯಲ್ಲೇ ಇದೆ.

ಎಸಿ ಡಬಲ್ ಡೆಕರ್ ಬೋಗಿ ಮೊದಲು ಹೊರಬಂದಿದ್ದು 2010ರಲ್ಲಿ, ಪಂಜಾಬಿನ ಕಪುರ್ತಲಾ ಕಾರ್ಖಾನೆಯಿಂದ. ಎಲ್‌ಎಚ್‌ಬಿ ಅನ್ನೋ ವಿನ್ಯಾಸದ ಮಾಮೂಲಿ ಒಂದೇ ಮಹಡಿಯ ಎಸಿ ಚೇರ್ ಕಾರ್‌ನಲ್ಲಿ, ಅಂದರೆ ಕೂತು ಹೋಗುವ ಬೋಗಿಯಲ್ಲಿ, 78 ಸೀಟು. ಇದರಲ್ಲಿ 120. ಹತ್ತು ಬೋಗಿ ಜೋಡಿಸಿದರೆ 420 ಜನ ಜಾಸ್ತಿ, ರೈಲು ಉದ್ದ ಆಗೋದೇ ಬೇಡ!

[ಗ್ರಾಫಿಕ್: ಬೋಗಿಯ ಸೀಳು ಚಿತ್ರ]

ಆದರೆ ಜಾಗ ಎಲ್ಲಿಂದ ಬಂತು? ಮೇಲೆ ಕರೆಂಟ್ ತಂತಿ, ಸೇತುವೆ. ಜಾಸ್ತಿ ಎತ್ತರಿಸೋಕೆ ಆಗಲ್ಲ. ಹಾಗಾಗಿ ಕೆಳಗೆ ಇಳಿಯಬೇಕು. ಎರಡೂ ತುದಿಯಲ್ಲಿ ಗಾಲಿಗಳಿವೆ, ಅಲ್ಲಿ ಇಳಿಯೋಕೆ ಆಗಲ್ಲ. ನಡುವೆ ಮಾತ್ರ ನೆಲವನ್ನು ಹಳ್ಳದ ಹಾಗೆ ತಗ್ಗಿಸಿದರು. ಕರೆಂಟು ರೈಲಿನ ತುದಿಯ ಜನರೇಟರ್ ಬೋಗಿಯಿಂದ ಬರೋ ಹಾಗೆ ಮಾಡಿದ್ದರು, ಅದಕ್ಕೇ ಹೊಟ್ಟೆಯ ಕೆಳಗೆ ಇಷ್ಟು ಜಾಗ ಸಿಕ್ಕಿತು. ಬಾಗಿಲಿಂದ ಒಳಗೆ ಹೋದರೆ ಗಾಲಿಗಳ ಮೇಲಿನ ನಡುಮಟ್ಟ, ಅಲ್ಲಿ 22 ಸೀಟು. ಮೆಟ್ಟಿಲು ಹತ್ತಿದರೆ 50, ಇಳಿದರೆ 48. ನನಗೆ ತುಂಬಾ ಇಷ್ಟವಾದ ಲೆಕ್ಕ ಇದು. ಒಂದಿಂಚೂ ಸುಮ್ನೆ ಬಿಟ್ಟಿಲ್ಲ.

ತೊಂದರೆ ಹುಟ್ಟಿದ್ದೂ ಅಲ್ಲೇ. ತಗ್ಗಿದ ಹೊಟ್ಟೆ ಪ್ಲಾಟ್‌ಫಾರ್ಮಿನ ಪಕ್ಕಕ್ಕೇ ಬರುತ್ತೆ. ಬೋಗಿ ಸ್ವಲ್ಪ ತೂಗಾಡಿದರೂ ಅಂಚಿಗೆ ತಾಗುವ ಭಯ. 2011ರ ಅಕ್ಟೋಬರ್ 1ರಂದು ಮೊದಲ ರೈಲು ಹೌರಾ–ಧನ್‌ಬಾದ್ ನಡುವೆ ಓಡಿತು. ಅದಕ್ಕಾಗಿ ದಾರಿಯಲ್ಲಿ ಪ್ಲಾಟ್‌ಫಾರ್ಮ್ ಅಂಚುಗಳನ್ನೇ ಕೊರೆಯಬೇಕಾಯಿತು.

ನಮ್ಮೂರಿಗೆ ಬಂದಿದ್ದು 2013ರ ಏಪ್ರಿಲ್ 25ಕ್ಕೆ. ಬೆಳಗ್ಗೆ ಚೆನ್ನೈ ಬಿಟ್ಟು ಮಧ್ಯಾಹ್ನ ಬೆಂಗಳೂರು.

[ದೃಶ್ಯ: ಮೇಲ್ಮಹಡಿ. ತಲೆ ಬಗ್ಗಿಸಿ ನಡೆಯುವ ಪ್ರಯಾಣಿಕ.]

ಈಗ ಲಗೇಜಿನ ಮಾತು. ನನ್ನ ಪ್ರಕಾರ ಈ ಬೋಗಿಯನ್ನು ಸೋಲಿಸಿದ್ದು ಅದೇ. ಒಂದು ಬೋಗಿಯ ಎತ್ತರದಲ್ಲಿ ಎರಡು ಮಹಡಿ ಅಂದಮೇಲೆ ಎರಡೂ ಕಡೆ ಚಾವಣಿ ತಗ್ಗು. ತಲೆಯ ಮೇಲೆ ದೊಡ್ಡ ಪೆಟ್ಟಿಗೆಗೆ ಜಾಗ ಎಲ್ಲಿ? ಮದುವೆಗೆ ಹೊರಟ ಮನೆಯವರು ಸೂಟ್‌ಕೇಸು, ಹಣ್ಣಿನ ಬುಟ್ಟಿ ಬಿಟ್ಟು ಬರ್ತಾರಾ? ಮಂಡಿ ನೋವಿರುವ ಅಜ್ಜಿಗೆ ಮೆಟ್ಟಿಲು ಬೇರೆ. ಜನ 120 ಆದರೂ ಬಾಗಿಲು ಮಾತ್ರ ಎರಡು ತುದಿಯಲ್ಲೇ. ಕಂಟೋನ್ಮೆಂಟ್‌ನಲ್ಲಿ ರೈಲು ನಿಲ್ಲೋದೇ ಸ್ವಲ್ಪ ಹೊತ್ತು, ಅಲ್ವಾ?

ಹೌರಾ–ಧನ್‌ಬಾದ್ ಸೇವೆ ನಿಂತುಹೋಯಿತು. ಹೈದರಾಬಾದಿನ ಕಾಚಿಗುಡದಿಂದ ಹೊರಡುತ್ತಿದ್ದವೂ ನಿಂತವು. 2018ರಲ್ಲಿ ಉದಯ್ ಎಕ್ಸ್‌ಪ್ರೆಸ್ ಅನ್ನೋ ಹೆಸರಲ್ಲಿ ಕೊಯಮತ್ತೂರು–ಬೆಂಗಳೂರು ನಡುವೆ ಹೊಸದೊಂದು ಬಂತು. ಅಷ್ಟರಲ್ಲಿ ರೈಲ್ವೆಯ ಗಮನ ಬೇರೆ ಕಡೆ ಹೊರಳಿತ್ತು. 2022ರ ನವೆಂಬರ್‌ನಲ್ಲಿ ಬೆಂಗಳೂರಿನ ಮೇಲೆ ಹಾದುಹೋಗುವ ಮೈಸೂರು–ಚೆನ್ನೈ ವಂದೇ ಭಾರತ್ ಶುರುವಾಯಿತು. 2023ರ ಡಿಸೆಂಬರ್‌ನಲ್ಲಿ ಕೊಯಮತ್ತೂರಿಗೂ ಒಂದು. ಎರಡೂ ಒಂದೇ ಮಹಡಿಯವು.

ಬೋಗಿ ಕೆಟ್ಟದಲ್ಲ, ಸಿಕ್ಕ ದಾರಿ ಸರಿಯಿರಲಿಲ್ಲ ಅನ್ನೋದು ನನ್ನ ನಂಬಿಕೆ. ಬೆಂಗಳೂರು–ಮೈಸೂರು ನೋಡಿ. ಸುಮಾರು 140 ಕಿಲೋಮೀಟರ್. ದಿನಾ ಓಡಾಡೋರ ಹೆಗಲಲ್ಲಿ ಒಂದು ಬ್ಯಾಗು, ಒಂದು ಊಟದ ಡಬ್ಬಿ, ಅಷ್ಟೇ. ಬೆಳಗ್ಗೆ ಮಂಡ್ಯದಲ್ಲಿ ನಿಂತುಕೊಂಡೇ ಹೊರಡುವವರಿಗೆ ಬೋಗಿಗೆ 42 ಸೀಟು ಜಾಸ್ತಿ ಸಿಕ್ಕರೆ ಹೇಗಿರುತ್ತೆ? ಈ ದಾರಿಯಲ್ಲಿ ಒಂದು ಸಲ ಓಡಿಸಿ ನೋಡಲಿ ಅಂತ ನನಗೆ ನಿಜವಾಗಲೂ ಆಸೆ.

[ದೃಶ್ಯ: ರೈಲು ಹೊರಡುತ್ತದೆ. ಕಿಟಕಿಯಲ್ಲಿ ಕಾಲುಗಳು ಹಿಂದೆ ಸರಿಯುತ್ತವೆ.]