ಒಂದೇ ಮುಖ, ನಾಲ್ಕು ಹೆಸರು: ‘ಝೂಲ್ಯಾಂಡರ್’ ಇಂದಿಗೂ ನಗಿಸುವುದೇಕೆ?

ನಮಸ್ಕಾರ. ಅಮೆರಿಕಕ್ಕೆ ನಗುವ ಮನಸ್ಸೇ ಇಲ್ಲದಿದ್ದ 2001ರ ಸೆಪ್ಟೆಂಬರ್ ಕೊನೆಯಲ್ಲಿ ತೆರೆಕಂಡ ‘ಝೂಲ್ಯಾಂಡರ್’ ಚಿತ್ರವನ್ನು ಇತ್ತೀಚೆಗೆ ಮತ್ತೊಮ್ಮೆ ನೋಡಿದೆ. ಬೆನ್ ಸ್ಟಿಲ್ಲರ್ ತಾವೇ ನಿರ್ದೇಶಿಸಿ, ಡೆರೆಕ್ ಎಂಬ ಪೆದ್ದ ಮಾಡೆಲ್ ಆಗಿ ನಟಿಸಿದ ಈ ಹಾಸ್ಯಚಿತ್ರದ ಕಥೆ ಶುದ್ಧ ಹುಚ್ಚಾಟ: ಬಾಲಕಾರ್ಮಿಕ ಪದ್ಧತಿಗೆ ಕಡಿವಾಣ ಹಾಕಹೊರಟ ಮಲೇಷ್ಯಾದ ಪ್ರಧಾನಿಯನ್ನು ಕೊಲ್ಲಿಸಲು ಫ್ಯಾಷನ್ ದೊರೆಗಳು ಡೆರೆಕ್‌ನ ತಲೆಕೆಡಿಸಿ ಅವನನ್ನೇ ಆಯುಧವಾಗಿಸುತ್ತಾರೆ. ಆದರೆ ಅಗ್ಗದ ಬಟ್ಟೆಯನ್ನು ಹೊಲಿಯುವ ಕೈಗಳು ಯಾರವು ಎಂದು ಆ ಹುಚ್ಚಾಟದ ನಡುವೆಯೇ ಕೇಳಿದ ಪ್ರಶ್ನೆಗೆ ಇನ್ನೂ ವಯಸ್ಸಾಗಿಲ್ಲ.

ವಿಲ್ ಫೆರೆಲ್ ನಟಿಸಿದ ಮುಗಾಟು ಎಂಬ ಖಳ ವಿನ್ಯಾಸಕ, ಬೀದಿಯಲ್ಲಿ ಮಲಗುವ ನಿರ್ಗತಿಕರ ಉಡುಪಿನಿಂದ ಸ್ಫೂರ್ತಿ ಪಡೆದೆನೆಂದು ಹೇಳಿಕೊಂಡು ಕಸದಂತಹ ಬಟ್ಟೆಗಳ ಪ್ರದರ್ಶನ ಏರ್ಪಡಿಸುತ್ತಾನೆ. ಇದು ಅತಿಯಾಯಿತು ಎನ್ನುವವರು ಗಮನಿಸಬೇಕು: ಚಿತ್ರ ಬರುವುದಕ್ಕೆ ಮೊದಲೇ, 2000ದ ಜನವರಿಯಲ್ಲಿ, ವಿನ್ಯಾಸಕ ಜಾನ್ ಗಲ್ಲಿಯಾನೊ ಅವರು ದಿಯೋರ್ ಎಂಬ ಫ್ರೆಂಚ್ ಫ್ಯಾಷನ್ ಸಂಸ್ಥೆಗಾಗಿ ಪ್ಯಾರಿಸ್ಸಿನ ನಿರ್ಗತಿಕರಿಂದ ಪ್ರೇರಿತವಾದ, ದಿನಪತ್ರಿಕೆಯ ಪುಟಗಳನ್ನೇ ಅಚ್ಚೊತ್ತಿದ ಉಡುಪುಗಳನ್ನು ವೇದಿಕೆಗೆ ತಂದಿದ್ದರು. ಉತ್ಪ್ರೇಕ್ಷೆಯ ಕೆಲಸವನ್ನು ಉದ್ಯಮವೇ ಮಾಡಿ ಮುಗಿಸಿತ್ತು. ಚಿತ್ರಕ್ಕೆ ಉಳಿದದ್ದು ಅದನ್ನು ತೋರಿಸುವುದಷ್ಟೇ.

ಹೀಗಿದ್ದರೂ ಫ್ಯಾಷನ್ ಲೋಕ ಮುನಿಸಿಕೊಳ್ಳಲಿಲ್ಲ. ಇಟಲಿಯ ಹೆಸರಾಂತ ವಿನ್ಯಾಸಕಿ ಡೊನಾಟೆಲ್ಲಾ ವೆರ್ಸಾಚೆ ಚಿತ್ರದಲ್ಲಿ ಮುಖ ತೋರಿಸಿದರು. 2015ರಲ್ಲಿ ಸ್ಟಿಲ್ಲರ್ ಮತ್ತು ಚಿತ್ರದ ಸಹನಟ ಓವೆನ್ ವಿಲ್ಸನ್ ತಮ್ಮ ಪಾತ್ರಗಳ ವೇಷದಲ್ಲಿಯೇ ಪ್ಯಾರಿಸ್‌ನಲ್ಲಿ ವ್ಯಾಲೆಂಟಿನೊ ಫ್ಯಾಷನ್ ಸಂಸ್ಥೆಯ ಪ್ರದರ್ಶನದ ವೇದಿಕೆಯ ಮೇಲೆ ನಡೆದರು. ಗೇಲಿಯನ್ನೂ ಪ್ರಚಾರವಾಗಿ ಮಾರಿಕೊಳ್ಳುವ ಈ ಜಾಣತನವನ್ನು ಮುಗಾಟು ಕೂಡ ಮೆಚ್ಚುತ್ತಿದ್ದನೇನೋ!

ನನ್ನ ಮಟ್ಟಿಗೆ ಚಿತ್ರದ ತಿರುಳಿರುವುದು ಡೆರೆಕ್‌ನ ಆ ಪ್ರಸಿದ್ಧ ನೋಟದಲ್ಲಿ. ತುಟಿ ಮುಂದೆ ಚಾಚಿ, ಕೆನ್ನೆ ಒಳಗೆಳೆದು, ಕಣ್ಣು ಕಿರಿದಾಗಿಸುವ ಭಂಗಿಗೆ ಅವನು ಬ್ಲೂ ಸ್ಟೀಲ್, ಫೆರಾರಿ, ಲೆ ಟಿಗ್ರಾ ಎಂದೆಲ್ಲ ಹೆಸರಿಟ್ಟಿದ್ದಾನೆ. ವರ್ಷಗಟ್ಟಲೆ ಸಾಧನೆ ಮಾಡಿದ ‘ಮ್ಯಾಗ್ನಮ್’ ಬೇರೆ. ಎಲ್ಲವೂ ಒಂದೇ ಮುಖ ಎಂಬ ಸತ್ಯವನ್ನು ಕೊನೆಯಲ್ಲಿ ಕಿರುಚಿ ಹೇಳುವವನು ಮುಗಾಟು ಮಾತ್ರ. ಇಡೀ ಚಿತ್ರದಲ್ಲಿ ಕಣ್ಣು ತೆರೆದಿರುವವನು ಖಳನೊಬ್ಬನೇ ಎಂಬುದು ಎಂತಹ ಕುಹಕ! ಅಷ್ಟರಲ್ಲಿ ಅವನು ಪ್ರಧಾನಿಯತ್ತ ಎಸೆದ ಹರಿತವಾದ ಅಸ್ತ್ರವನ್ನು ಡೆರೆಕ್ ಅದೇ ಮುಖದಿಂದ, ಬರೀ ನೋಟದಿಂದ, ಗಾಳಿಯಲ್ಲೇ ತಡೆದು ನಿಲ್ಲಿಸುತ್ತಾನೆ. ಅಲ್ಲಿಯವರೆಗೆ ಗೇಲಿ ಮಾಡಿದ್ದನ್ನೇ ನಂಬಿಬಿಡುವ, ಪೆದ್ದನನ್ನು ಮನಸಾರೆ ಗೆಲ್ಲಿಸುವ ಈ ಅಕ್ಕರೆ 2016ರ ಎರಡನೇ ಭಾಗದಲ್ಲಿ ನನಗೆ ಸಿಗಲಿಲ್ಲ.