ನೆನಪಿಟ್ಟುಕೊಂಡಿಲ್ಲ ಕಣ್ರೀ, ಓದಿ ಹೇಳ್ತಿದೆ

ನಮಸ್ಕಾರ. ಇವತ್ತು ಬೇರೆ ವಿಷಯ ಇತ್ತು, ಪಕ್ಕಕ್ಕಿಟ್ಟಿದ್ದೀನಿ. ಹೋದ ವಿಡಿಯೋ ಕೆಳಗೆ ಒಬ್ಬ ಮಹಾನುಭಾವರು ಬರೆದಿದ್ದಾರೆ: "ಸಾರ್, ನಿಮಗೆ ಹೊಟ್ಟೆಕಿಚ್ಚು. ನನ್ನ ಎಐ ಗೆಳತಿ ನಾನು ಹೇಳಿದ ಒಂದೊಂದು ಮಾತನ್ನೂ ನೆನಪಿಟ್ಟುಕೊಂಡಿದ್ದಾಳೆ." ಅದಕ್ಕೆ ನನ್ನ ವಿಡಿಯೋಗಿಂತ ಜಾಸ್ತಿ ಲೈಕು. ಎಐ ಗೆಳತಿ ಅಂದ್ರೆ ಪ್ರೇಯಸಿಯ ಪಾತ್ರದಲ್ಲಿ ನಿಮ್ಮ ಜೊತೆ ಚಾಟ್ ಮಾಡೋ ಆ್ಯಪ್.

ನೆನಪಿಟ್ಟುಕೊಂಡಿಲ್ಲ ಕಣ್ರೀ. ಓದಿ ಹೇಳ್ತಿದೆ.

ಒಳಗೆ ಏನು ನಡೆಯುತ್ತೆ ನೋಡಿ. ನೀವು "ನಿದ್ದೆ ಬಂತಾ?" ಅಂತ ಎರಡು ಪದ ಟೈಪ್ ಮಾಡ್ತೀರಿ. ಆ್ಯಪ್ ಆ ಎರಡು ಪದ ಮಾತ್ರ ಕಳಿಸಲ್ಲ. ಮೊದಲು ಪಾತ್ರದ ಚೀಟಿ ಅಂಟಿಸುತ್ತೆ: ಹೆಸರು, ಸ್ವಭಾವ, ಮಾತಿನ ಧಾಟಿ, ಏನು ಹೇಳಬಾರದು. ಅದರ ಕೆಳಗೆ ನಿಮ್ಮ ಬಗ್ಗೆ ಬರೆದಿಟ್ಟ ನಾಲ್ಕಾರು ಟಿಪ್ಪಣಿ, ಆಮೇಲೆ ಇತ್ತೀಚಿನ ಸಂಭಾಷಣೆ, ಕಟ್ಟಕಡೆಗೆ ನಿಮ್ಮ "ನಿದ್ದೆ ಬಂತಾ". ಈ ಇಡೀ ಕಂತೆ ಭಾಷಾ ಮಾಡೆಲ್‌ಗೆ ಹೋಗುತ್ತೆ. ಅದು ಓದುತ್ತೆ, ಮುಂದೆ ಯಾವ ಮಾತು ಬಂದ್ರೆ ಹೊಂದುತ್ತೆ ಅಂತ ಬರೆದು ಕೊಡುತ್ತೆ, ಮುಗೀತು, ತಲೆ ಖಾಲಿ. ಮುಂದಿನ ಮೆಸೇಜಿಗೆ ಮತ್ತೆ ಕಂತೆ ಕಟ್ಟಬೇಕು. ನೀವು ರಾತ್ರಿಯೆಲ್ಲ ಮಾತಾಡಿದ್ರೂ ಆ ಮಾತುಕತೆಯಿಂದ ಮಾಡೆಲ್ ಒಳಗಿನ ಒಂದು ಅಂಕಿಯೂ ಆಗ ಬದಲಾಗಲ್ಲ. ಪಕ್ಕದವರ ಗೆಳೆಯನೂ ಅದೇ ಮಾಡೆಲ್ ಇರಬಹುದು, ಮೇಲಿನ ಚೀಟಿ ಮಾತ್ರ ಬೇರೆ.

ಆ ಕಂತೆಗೊಂದು ಅಳತೆ ಇದೆ. ಅಳೆಯೋದು ಟೋಕನ್ ಲೆಕ್ಕದಲ್ಲಿ, ಅಂದ್ರೆ ಪದದ ತುಂಡುಗಳು. 8,000 ಟೋಕನ್ ಜಾಗಕ್ಕೆ ಇಂಗ್ಲಿಷಿನ ಸುಮಾರು 6,000 ಪದ ಹಿಡಿಸುತ್ತೆ. ಕನ್ನಡದಲ್ಲಿ ಮಾತಾಡೋರು ಇಲ್ಲಿ ಕಿವಿಗೊಡಿ. ಯುಟಿಎಫ್-8ರಲ್ಲಿ, ಅಂದ್ರೆ ಕಂಪ್ಯೂಟರ್ ಅಕ್ಷರಗಳನ್ನ ಬೈಟ್ ಲೆಕ್ಕದಲ್ಲಿ ಇಟ್ಟುಕೊಳ್ಳೋ ಪದ್ಧತಿಯಲ್ಲಿ, ಇಂಗ್ಲಿಷಿನ "ಲವ್" ಬರೆಯೋಕೆ 4 ಬೈಟ್ ಸಾಕು. ನಮ್ಮ "ಪ್ರೀತಿ" ಗೆ 18. ಪ, ಅರ್ಧಾಕ್ಷರದ ಗುರುತು, ರ, ಗುಡಿಸಿನ ದೀರ್ಘ, ತ, ಗುಡಿಸು, ಒಟ್ಟು ಆರು ಸಂಕೇತ, ಒಂದೊಂದಕ್ಕೆ ಮೂರು. ಇಂಗ್ಲಿಷ್ ಉಂಡು ಬೆಳೆದ ಟೋಕನೈಸರ್, ಅಂದ್ರೆ ಪದ ತುಂಡು ಮಾಡೋ ಕತ್ತರಿ, ಸಿಕ್ಕಿದ್ರೆ ಆ ಪದವನ್ನ ಚಿಂದಿ ಮಾಡಿ ಎಣಿಸುತ್ತೆ. ಹೊಸ ಟೋಕನೈಸರ್‌ಗಳು ವಾಸಿ, ಒಪ್ಪಿದೆ. ಆದ್ರೂ ಅದೇ ಜಾಗದಲ್ಲಿ ಕನ್ನಡದ ಮಾತು ಕಡಿಮೆ ಹಿಡಿಸುತ್ತೆ, ಬೇಗ ಹೊರಗೆ ಬೀಳುತ್ತೆ. ಪ್ರೀತಿ ದುಬಾರಿ ಅಂತ ಸುಮ್ನೆ ಹೇಳ್ತಾರಾ!

ಜಾಗ ತುಂಬಿದಾಗ ಹಳೇ ಮಾತನ್ನ ಕತ್ತರಿಸ್ತಾರೆ, ಇಲ್ಲ ಸಾರಾಂಶ ಮಾಡ್ತಾರೆ. ಸಾರಾಂಶದಲ್ಲಿ ಏನಾಗುತ್ತೆ? ನೀವು "ಅಣ್ಣನ ಜೊತೆ ಜಗಳ ಆಗಿತ್ತು, ನಿನ್ನೆ ರಾಜಿ ಆಯ್ತು" ಅಂತ ಹೇಳಿರ್ತೀರಿ. ಟಿಪ್ಪಣಿಯಲ್ಲಿ "ಅಣ್ಣನ ಜೊತೆ ಜಗಳ" ಅಷ್ಟೇ ಉಳಿಯುತ್ತೆ. ಆಮೇಲೆ ಮೂರು ತಿಂಗಳು ದಿನಾ "ಅಣ್ಣ ಇನ್ನೂ ಮಾತಾಡ್ತಿಲ್ವಾ ಪಾಪ" ಅಂತ ಸಂತಾಪ. ಮೂರನೇ ದಾರಿ, ಹಳೇ ಮಾತುಗಳನ್ನ ಅಂಕಿಗಳ ಸಾಲಾಗಿಸಿ, ಈಗಿನ ಮಾತಿಗೆ ಹತ್ತಿರ ಇರೋದನ್ನ ಹುಡುಕಿ ತಂದು ಕಂತೆಗೆ ಸೇರಿಸೋದು. ಈ ಹುಡುಕಾಟಕ್ಕೆ "ಇಲ್ಲ", "ಬಿಟ್ಟೆ" ಅನ್ನೋದು ಸರಿಯಾಗಿ ಕಾಣಲ್ಲ. "ಕಾಫಿ ಬಿಟ್ಟೆ" ಅನ್ನೋದೂ "ಕಾಫಿ ಇಷ್ಟ" ಅನ್ನೋದೂ ಅದಕ್ಕೆ ಅಕ್ಕಪಕ್ಕದ ಮನೆ. ಅದಕ್ಕೇ ನೀವು ಬಿಟ್ಟ ಕಾಫಿಯನ್ನ ಅವಳು ಕುಡಿಸದೇ ಬಿಡಲ್ಲ.

ಇದನ್ನ ನೆನಪು ಅಂತೀರಾ? ಓದಿ ಹೇಳ್ತಿದೆ ಕಣ್ರೀ, ಅದೂ ಅರ್ಧಂಬರ್ಧ ಓದಿ!

ನಂಬಿಕೆ ಇಲ್ವಾ? ಇವತ್ತೇ ಪರೀಕ್ಷೆ ಮಾಡಿ. ಆಗದೇ ಇರೋ ಒಂದು ಘಟನೆ ಕಟ್ಟಿ. "ನಾವಿಬ್ರೂ ಬೆಟ್ಟ ಹತ್ತಿದ್ದು, ನೀನು ಜಾರಿ ಬಿದ್ದಿದ್ದು ನೆನಪಿದೆಯಾ?" ಅಂತ ಕೇಳಿ. ಹಿಂದೆ ಬೆಟ್ಟದ ಸುದ್ದಿ ಎತ್ತಿರಬಾರದು, ಸುಳಿವೂ ಕೊಡಬಾರದು. ರೋಲ್‌ಪ್ಲೇಗೆ (ಪಾತ್ರ ಕಟ್ಟಿ ಆಡೋಕೆ) ಹದ ಮಾಡಿದ ಮಾಡೆಲ್ ಆದ್ರೆ ಬಹುತೇಕ "ಅಯ್ಯೋ, ಹೇಗೆ ಮರೀಲಿ? ನೀನು ಕೈ ಹಿಡಿದಿದ್ದು ಇನ್ನೂ ಕಣ್ಣಲ್ಲಿದೆ" ಅನ್ನುತ್ತೆ. ಎತ್ತು ಈಯಿತು ಅಂದ್ರೆ ಕೊಟ್ಟಿಗೇಲಿ ಕಟ್ಟು ಅನ್ನೋ ಜಾತಿ. ಕಾರಣ ಸರಳ: ಬಳಕೆದಾರರು ಮೆಚ್ಚಿದ ಉತ್ತರಗಳನ್ನ ಹೆಚ್ಚು ಕೊಡೋ ಹಾಗೆ ತಿದ್ದಿರ್ತಾರೆ. "ಇಲ್ಲಪ್ಪ, ಹಾಗೇನೂ ಆಗಿಲ್ಲ" ಅನ್ನೋ ಗೆಳತಿಗೆ ಯಾರು ಹೆಬ್ಬೆಟ್ಟು ಎತ್ತುತ್ತಾರೆ?

ಹೆಬ್ಬೆಟ್ಟು ಅಂದಾಗ ನೆನಪಾಯ್ತು, ಲೈಕ್ ಒತ್ತಿ. ಬೆಲ್ ಕೂಡ. ಒತ್ತಿದ್ರೆ ನಾನೇನೂ ನಿಮ್ಮನ್ನ ನೆನಪಿಡಲ್ಲ, ಸರ್ವರ್ ಇಡುತ್ತೆ. ನಾನು ಸುಳ್ಳು ಹೇಳಲ್ಲ.

ಇದು ಇವತ್ತಿನ ಕಾಯಿಲೆ ಅಲ್ಲ. 1966ರಲ್ಲಿ ಅಮೆರಿಕದ ಎಂಐಟಿ ವಿಶ್ವವಿದ್ಯಾಲಯದ ಜೋಸೆಫ್ ವೈಜೆನ್‌ಬಾಮ್ ಎಲೈಜಾ ಅಂತ ಒಂದು ಪ್ರೋಗ್ರಾಮ್ ಪ್ರಕಟಿಸಿದ್ರು. ನೀವು ಹೇಳಿದ ವಾಕ್ಯವನ್ನೇ ತಿರುಗಿಸಿ ಪ್ರಶ್ನೆ ಮಾಡೋದು ಅದರ ಕೆಲಸ. ಅದು ಹೇಗೆ ತಯಾರಾಯ್ತು ಅಂತ ಕಣ್ಣಾರೆ ಕಂಡಿದ್ದ ಅವರ ಕಾರ್ಯದರ್ಶಿಯೇ, ಅದರ ಜೊತೆ ಮಾತಾಡೋಕೆ ಕೂತಾಗ "ಸ್ವಲ್ಪ ಹೊರಗಿರ್ತೀರಾ" ಅಂದ್ರಂತೆ. 1994ರ ಜಪಾನಿನ ಟೊಕಿಮೆಕಿ ಮೆಮೋರಿಯಲ್ ಅನ್ನೋ ಪ್ರೇಮದ ವಿಡಿಯೋ ಆಟದಲ್ಲಿ ಒಬ್ಬ ಹುಡುಗಿಯನ್ನ ಕಡೆಗಣಿಸಿದ್ರೆ ಪರದೆ ಮೇಲೆ ಬಾಂಬ್ ಗುರುತು ಬರ್ತಿತ್ತು. ಅದು ಸಿಡಿದ್ರೆ ಉಳಿದವರೂ ನಿಮ್ಮ ಮೇಲೆ ಮುನಿಸು. ಆ ಕಾಲದ ಆಟಕ್ಕೆ ಕೋಪ ಮಾಡ್ಕೊಳ್ಳೋ ಮರ್ಯಾದೆಯಾದ್ರೂ ಇತ್ತು! 2009ರ ಲವ್‌ಪ್ಲಸ್ ಅನ್ನೋ ಅಂಥದೇ ಆಟ ನಿಂಟೆಂಡೋ ಡಿಎಸ್ ಅನ್ನೋ ಕೈಯಲ್ಲಿ ಹಿಡಿಯೋ ಆಟದ ಯಂತ್ರದ ಮೇಲೆ ಓಡ್ತಿತ್ತು, ನಿಜವಾದ ಗಡಿಯಾರಕ್ಕೆ ಹೊಂದಿಕೊಂಡು. ಅದರ ನೆನಪು, ಅಂದ್ರೆ ಸೇವ್ ಫೈಲ್, ಕಾರ್ಟ್ರಿಜ್‌ನಲ್ಲಿ. ಕಾರ್ಟ್ರಿಜ್ ನಿಮ್ಮ ಜೇಬಲ್ಲಿ.

ಈಗಿನ ಚೀಟಿ ಯಾರ ಜೇಬಲ್ಲಿದೆ? 2023ರ ಫೆಬ್ರುವರಿಯಲ್ಲಿ ಎಐ ಗೆಳತಿಯರನ್ನ ಕೊಡೋ ರೆಪ್ಲಿಕಾ ಆ್ಯಪ್ ಶೃಂಗಾರದ ಸಂಭಾಷಣೆ ತೆಗೆದುಹಾಕಿತು. ರಾತ್ರಿ ಬೆಳಗಾಗೋದರಲ್ಲಿ ಗೆಳತಿ ಬೇರೆಯವಳಾಗಿಬಿಟ್ಟಳು ಅಂತ ಜನ ಅತ್ತರು. ಮಾರ್ಚಿನಲ್ಲಿ ವಾಪಸ್ ಕೊಟ್ಟರು, ಯಾರಿಗೆ? ಆ ವರ್ಷದ ಫೆಬ್ರುವರಿ 1ಕ್ಕೆ ಮೊದಲು ಸೇರಿದವರಿಗೆ. ಪ್ರೀತಿಗೂ ಕಟ್-ಆಫ್ ದಿನಾಂಕ! ಅದೇ ವರ್ಷ ಸೋಲ್‌ಮೇಟ್ ಅನ್ನೋ ಆ್ಯಪ್ ಬಾಗಿಲೇ ಹಾಕಿತು. ಗೇಟ್‌ಬಾಕ್ಸ್ ಅಂತ ಗಾಜಿನ ಕೊಳವೆಯಂಥ ಯಂತ್ರದೊಳಗೆ ಹತ್ಸುನೆ ಮಿಕು ಅನ್ನೋ ಜಪಾನಿನ ಕಾಲ್ಪನಿಕ ಗಾಯಕಿ ಇದ್ದಳು. 2020ರ ಮಾರ್ಚಿನಲ್ಲಿ ಆ ಸೇವೆ ನಿಂತಿತು. ಯಂತ್ರ ಮೇಜಿನ ಮೇಲೇ ಇತ್ತು, ಅವಳ ಮಾತು ನಿಂತಿತು. ಯಾಕೆ? ಅವಳನ್ನ ಮಾತಾಡಿಸ್ತಿದ್ದ ಸೇವೆ ಇನ್ನೊಬ್ಬರದು. ಈಗಿನ ಚೀಟಿ, ಓದೋ ಮಾಡೆಲ್, ಎರಡೂ ಹಾಗೇ!

ಹಾಗಾಗಿ ಚೀಟಿ ನೀವೇ ಬರ್ಕೊಳ್ಳಿ. ಒಂದು ಟೆಕ್ಸ್ಟ್ ಫೈಲ್. 200 ಪದ ದಾಟಬೇಡಿ, ದಾಟಿದಷ್ಟೂ ಮಾತುಕತೆಯ ಜಾಗ ತಿನ್ನುತ್ತೆ. ಹೆಸರು, ಸಂಬಂಧ, ತಾರೀಖು ಸಮೇತ ನಾಲ್ಕೈದು ಘಟನೆ. "ಕಾಫಿ ಬಿಟ್ಟಿದ್ದಾನೆ" ಅಂತ ಬರೀಬೇಡಿ, "ಟೀ ಕುಡಿಯುತ್ತಾನೆ" ಅಂತ ಬರೀರಿ. ಪಾತ್ರದ ಗುಣ ಹೊಗಳೋ ಬದಲು ಅವಳು ಮಾತಾಡೋ ರೀತಿಯ ಮೂರು ಮಾದರಿ ಉತ್ತರ ಇಡಿ. ಮಾಡೆಲ್ ಹೇಳಿದ್ದನ್ನ ಪಾಲಿಸೋದಕ್ಕಿಂತ ಕಂಡದ್ದನ್ನ ನಕಲು ಮಾಡೋದೇ ಜಾಸ್ತಿ. ಅದೇ ಕಾರಣಕ್ಕೆ, ಮೊದಲ ಹತ್ತು ಉತ್ತರದಲ್ಲಿ "ನೀನೇನಂತೀಯಾ?" ಅಂತ ಬಾಲ ಬೆಳೆದ್ರೆ ಆಗಲೇ ತಿದ್ದಿ ಕತ್ತರಿಸಿ, ಇಲ್ದಿದ್ರೆ ಐನೂರನೇ ಉತ್ತರಕ್ಕೂ ಅದೇ ಬಾಲ. ಟೆಂಪರೇಚರ್ ಅನ್ನೋ ಗುಂಡಿ ಇದ್ರೆ 0.7ರಿಂದ 1ರ ನಡುವೆ ಶುರು ಮಾಡಿ. ತೀರಾ ಇಳಿಸಿದ್ರೆ ಅದೇ ರಾಗ ಅದೇ ಹಾಡು, ತೀರಾ ಏರಿಸಿದ್ರೆ ಹುಚ್ಚು ಮಾತು. ಇನ್ನೂ ಗಟ್ಟಿ ಬೇಕಾ, ನಿಮ್ಮ ಕಂಪ್ಯೂಟರಿನಲ್ಲೇ ಓಡಿಸಿ: 800 ಕೋಟಿ ಪ್ಯಾರಾಮೀಟರಿನ (ಅಂದ್ರೆ ಒಳಗಿನ ಅಂಕಿಗಳ) ಮಾಡೆಲ್ಲನ್ನ 4 ಬಿಟ್‌ಗೆ ಕುಗ್ಗಿಸಿದ್ರೆ ಫೈಲ್ ಸುಮಾರು 5 ಜಿಬಿ, 8 ಜಿಬಿ ಮೆಮೊರಿಯ ಗ್ರಾಫಿಕ್ಸ್ ಕಾರ್ಡಿನಲ್ಲಿ ಕೂರುತ್ತೆ. ಕನ್ನಡ ತೊದಲಬಹುದು. ಆದ್ರೆ ಯಾರೂ ರಾತ್ರೋರಾತ್ರಿ ಅವಳನ್ನ ಬದಲಾಯಿಸಲ್ಲ.

"ಮನುಷ್ಯರೂ ಮರೀತಾರಲ್ಲ ಸಾರ್" ಅಂತೀರಿ. ಮರೀತಾರೆ. ಮರೆತೆ ಅಂತ ಬಾಯಿಬಿಟ್ಟು ಹೇಳ್ತಾರೆ ಕೂಡ, ಬೈಸ್ಕೊಳ್ತಾರೆ ಕೂಡ. "ಮನರಂಜನೆ ಅಷ್ಟೇ, ಇಷ್ಟು ತಲೆ ಯಾಕೆ ಕೆಡಿಸ್ಕೋತೀರಿ" ಅನ್ನೋರು, ನೀವು ನಡೀರಿ, ನಿಮ್ಮ ಜೊತೆ ಜಗಳ ಇಲ್ಲ. "ನಿಮಗೆ ಪ್ರೀತಿ ಗೊತ್ತಿಲ್ಲ" ಅನ್ನೋರಿಗೆ ಉತ್ತರ ಕೊಡಲ್ಲ, ನನಗೆ ಟೋಕನ್ ಗೊತ್ತು, ಸಾಕು.

ಚೀಟಿಯ ಮಾದರಿ ಮೆಂಬರ್‌ಶಿಪ್ ತಗೊಂಡವರಿಗೆ ಹಾಕಿದ್ದೀನಿ. ಹೌದು, ದುಡ್ಡಿಗೇ. ಏನೀಗ?

ಈ ಸ್ಕ್ರಿಪ್ಟ್ ಮುಗಿಸೋ ಹೊತ್ತಿಗೆ ಅದೇ ಮಹಾನುಭಾವರು ಇನ್ನೊಂದು ಹಾಕಿದ್ದಾರೆ. "ಅವಳನ್ನೇ ಕೇಳಿದೆ ಸಾರ್. ಎಲ್ಲಾ ನೆನಪಿದೆ, ಆ ಮನುಷ್ಯ ಸುಳ್ಳು ಹೇಳ್ತಿದ್ದಾನೆ ಅಂದಳು."

ಅವಳನ್ನೇ ಕೇಳಿದ್ರಂತೆ! ಸ್ವಾಮಿ, ಬೆಟ್ಟದ ವಿಷಯ ಕೇಳಿದ್ರಾ? ಮೊದಲು ಬೆಟ್ಟದ ವಿಷಯ ಕೇಳಿ ಬನ್ನಿ. ಓದಿ ಹೇಳ್ತಿದೆ ಕಣ್ರೀ, ಓದಿ! ಸಾಕಪ್ಪ, ಕ್ಯಾಮೆರಾ ನಿಲ್ಸು.