ಕಿತ್ತಳೆ ತರುವವರು ಯಾರು?

ಕೇಳುಗರಿಗೆ ನಮಸ್ಕಾರ.

ಗಿಡ್ಡ ಕಾಲಿನ ಮೇಜು. ಅದರ ಅಡಿಯಲ್ಲಿ ವಿದ್ಯುತ್ ಹೀಟರ್. ಚೌಕಟ್ಟಿಗೂ ಮೇಲಿನ ಹಲಗೆಗೂ ನಡುವೆ ಸಿಕ್ಕಿಸಿ ನಾಲ್ಕೂ ಕಡೆ ನೆಲಕ್ಕೆ ಇಳಿಬಿಟ್ಟ ದಪ್ಪ ರಜಾಯಿ. ಇದು ಜಪಾನಿನ ಕೊತಾತ್ಸು. ಚಳಿಗಾಲದಲ್ಲಿ ಇಡೀ ಮನೆಯನ್ನು ಬೆಚ್ಚಗಿಡುವ ರೂಢಿ ಅಲ್ಲಿ ಕಡಿಮೆ. ಕೂತ ಜಾಗ ಬೆಚ್ಚಗಿದ್ದರೆ ಸಾಕು. ಹಾಗಾಗಿ ರಜಾಯಿಯೊಳಗೆ ಒಮ್ಮೆ ಕಾಲು ತೂರಿಸಿದವರು ಏಳಲೊಲ್ಲರು. ಬುಟ್ಟಿಯಲ್ಲಿ ಮಿಕಾನ್, ಅಂದರೆ ಸಣ್ಣ ಕಿತ್ತಳೆ, ಮುಗಿದಿದೆ. ತರುವವರು ಯಾರು?

ಜಪಾನಿನ ದಿನಬದುಕಿನ ಪ್ರೇಮಹಾಸ್ಯಕ್ಕೆ ಇಷ್ಟೇ ಸಾಕು. ಅನಿಮೆಯ, ಅಂದರೆ ಜಪಾನಿನ ಆನಿಮೇಷನ್ ಧಾರಾವಾಹಿಯ, ಒಂದು ಕಂತು ಸುಮಾರು 24 ನಿಮಿಷ. ಮೊದಲ, ಕೊನೆಯ ಹಾಡುಗಳಿಗೆ ತಲಾ 90 ಸೆಕೆಂಡು ಕಳೆದರೆ ಕಥೆಗೆ ಸಿಗುವುದು 21 ನಿಮಿಷ. ಅದರಲ್ಲಿ ಏಳು ನಿಮಿಷ ಕಿತ್ತಳೆಯ ಜಗಳಕ್ಕೇ ಹೋದರೂ ನಷ್ಟವಿಲ್ಲ. ಕೈತುಂಬ ಕೆಲಸವಿದ್ದಾಗ ಮನುಷ್ಯ ಅದರ ಮರೆಯಲ್ಲಿ ಅಡಗುತ್ತಾನೆ. ಸುಮ್ಮನೆ ಕೂತವನಿಗೆ ಮರೆ ಎಲ್ಲಿದೆ? "ನೀನೇ ಹೋಗಿ ತಾ" ಎನ್ನುವ ಹಟದೊಳಗೆ, ನನ್ನ ಸೋಮಾರಿತನವನ್ನು ಸಹಿಸುತ್ತೀಯಾ ಎಂಬ ಪ್ರಶ್ನೆ ಇರುತ್ತದೆ.

ಈ ಭಾವಕ್ಕೆ ಜಪಾನಿಯಲ್ಲಿ 'ಅಮಾಎ' ಎನ್ನುತ್ತಾರೆ. ಮನೋವೈದ್ಯ ತಕೆಯೊ ದೊಯಿ 1971ರಲ್ಲಿ ಇದರ ಮೇಲೆ ಒಂದು ಪುಸ್ತಕವನ್ನೇ ಬರೆದರು. ನಮ್ಮ 'ಸಲಿಗೆ' ಇದಕ್ಕೆ ಹತ್ತಿರ. ಕೇಳಿ ಪಡೆದದ್ದಲ್ಲ, ತಾನಾಗಿ ತೆಗೆದುಕೊಂಡ ಸಲಿಗೆ. ಅದು ಸದರವಾದಾಗ ಕಥೆ ಕೆಡುತ್ತದೆ. ಹನ್ನೆರಡು ಕಂತಿನುದ್ದಕ್ಕೂ ಒಬ್ಬರೇ ತಂದುಕೊಡುತ್ತ, ಇನ್ನೊಬ್ಬರು ಮಲಗಿಯೇ ಇದ್ದರೆ ಅದನ್ನು ಪ್ರೇಮವೆನ್ನಲು ನನಗಂತೂ ಬಾಯಿ ಬರುವುದಿಲ್ಲ.

ಹೆಸರು ಕರೆಯುವ ರೀತಿಗೆ ಕಿವಿಗೊಡಿ. ಮೊದಮೊದಲು ಮನೆತನದ ಹೆಸರು, ಅದರ ಕೊನೆಗೊಂದು ಮರ್ಯಾದೆಯ 'ಸಾನ್' ಅಥವಾ 'ಕುನ್'. ಎಷ್ಟೋ ಕಂತುಗಳಾದ ಮೇಲೆ ಬರಿಯ ಹೆಸರು. ಇಂಗ್ಲಿಷ್ ಅಡಿಬರಹದಲ್ಲಿ ಇದು ಎಷ್ಟೋ ಸಲ ಅಳಿಸಿಹೋಗುತ್ತದೆ. 'ನೀವು' ಬಿಟ್ಟು 'ನೀನು' ಎಂದ ಗಳಿಗೆಯ ತಡವರಿಕೆ ಗೊತ್ತಿರುವ ಕನ್ನಡದ ಕಿವಿಗೆ ವಿವರಣೆ ಬೇಡ.

ಇನ್ನು ಜ್ವರದ ಕಂತು. ಒಬ್ಬರು ಮಲಗುತ್ತಾರೆ, ಇನ್ನೊಬ್ಬರು ಬಂದು 'ಒಕಾಯು' ಗಂಜಿ ಬೇಯಿಸುತ್ತಾರೆ: ಒಂದು ಲೋಟ ಅಕ್ಕಿಗೆ ಐದು ಲೋಟ ನೀರು, ಸಣ್ಣ ಉರಿ, ಮೇಲೊಂದು ಉಮೆಬೊಶಿ, ಅಂದರೆ ಉಪ್ಪಿನಲ್ಲಿ ಹಾಕಿದ ಹುಳಿ ಹಣ್ಣು. ಅವಸರದ ಬರಹಗಾರರು ಇಲ್ಲೇ ಎಡವುತ್ತಾರೆ. ಜ್ವರದ ಅಮಲಿನಲ್ಲಿ ರೋಗಿಯ ಬಾಯಿಂದ ಮನದ ಗುಟ್ಟೆಲ್ಲ ಹೊರಡಿಸಿ, ಬೆಳಿಗ್ಗೆ ಎಲ್ಲವನ್ನೂ ಮರೆಸಿಬಿಡುತ್ತಾರೆ. ಮಾತಿಗೆ ಹೊಣೆಯೇ ಉಳಿಯುವುದಿಲ್ಲ. ಬಲ್ಲವರು ಮಾತೇ ಆಡಿಸುವುದಿಲ್ಲ. ಯಾರ ಸಹಾಯಕ್ಕೂ ಕೈಚಾಚದವಳು ಚಮಚಕ್ಕೆ ಬಾಯಿ ತೆರೆದರೆ ಆಯಿತು.

ಮರುದಿನ ಗಂಜಿ ಬೇಯಿಸಿದವನಿಗೇ ಜ್ವರ. ಸವೆದು ಹೋದ ತಿರುವು, ನಿಜ. ಆದರೂ ಬೇಕು, ಈಗ ಆರೈಕೆ ಮಾಡಿಸಿಕೊಳ್ಳುವ ಸರದಿ ಅವನದು. ಅವಳಿಗೆ ಅಡುಗೆ ಬಾರದು. ಗಂಜಿ ತಳ ಹಿಡಿದಿದೆ, ಉಮೆಬೊಶಿ ಎರಡು ಬಿದ್ದಿವೆ. ಅವನು ಮುಖ ಹುಳ್ಳಗೆ ಮಾಡಿಕೊಂಡು, ಇನ್ನೊಂದು ಚಮಚ ಕೇಳುತ್ತಾನೆ.